ಬ್ಯಾಂಕಿನವರು ಕಳೆದುಹಾಕಿದ ಮಹಡಿ ಮನೆ

ನಮ್ಮ ಮಾಮ ನಾಲ್ಕು ವರ್ಷ ಇಲ್ಲದ ಮನೆಯಲ್ಲಿ ಸಂಸಾರ ಮಾಡಿದವರು. ಅದೂ ಎಂಥ ಮನೆ ಅಂತೀರಿ! ಮಹಡಿ ಮನೆ! ಕೆಳಗೆ ನಾಲ್ಕು ಕೋಣೆ, ಮೇಲೆ ಎರಡು, ಪೂರ್ವಕ್ಕೊಂದು ಬಾಲ್ಕನಿ. ನೀವು ನಂಬದಿದ್ದರೆ ನನಗೇನೂ ಬೇಸರವಿಲ್ಲ. ಬ್ಯಾಂಕಿನ ವಕೀಲರೂ ನಂಬಿರಲಿಲ್ಲ.

ಮಾಮ ಅಂದರೆ ನನ್ನ ತಾಯಿಯ ಅಣ್ಣ. ಗದಗಿನ ಕಡೆಯವರು. ಹೈದರಾಬಾದಿನಲ್ಲಿ ಕೇಂದ್ರ ಸರ್ಕಾರದ ಕಾರ್ಖಾನೆಯೊಂದರಲ್ಲಿ ಮೂವತ್ತು ವರ್ಷಕ್ಕೂ ಮೇಲೆ ಲೇತ್ ಯಂತ್ರದ ಮುಂದೆ ನಿಂತು ನಿವೃತ್ತರಾದವರು. ನನಗೆ ಅಲ್ಲಿನ ಶಾಲೆಯೊಂದರಲ್ಲಿ ಟೀಚರ್ ಕೆಲಸ ಸಿಕ್ಕಾಗ ಸನತ್‌ನಗರದ ಅವರ ಬಾಡಿಗೆ ಮನೆಯಲ್ಲೇ ಉಳಿದುಕೊಂಡೆ. ಇದ್ದದ್ದು ಎರಡೇ ಕೋಣೆ. ಪಕ್ಕದ ಸಣ್ಣ ಫ್ಯಾಕ್ಟರಿಯಲ್ಲಿ ಯಂತ್ರ ಶುರುವಾದರೆ ಸಾಕು, ನಮ್ಮ ಅಡಿಗೆ ಮನೆಯ ಸ್ಟೀಲ್ ಲೋಟಗಳು ತಮ್ಮಷ್ಟಕ್ಕೆ ತಾವೇ ಸಣ್ಣಗೆ ಕುಣಿಯುತ್ತಿದ್ದವು. ಆ ಗದ್ದಲದ ನಡುವೆ ಮಾಮ ಕುರ್ಚಿಯಲ್ಲಿ ಕೂತು ಕಣ್ಣು ತೆರೆದುಕೊಂಡೇ ಕನಸು ಕಾಣುತ್ತಿದ್ದರು. ಕಣ್ಣು ಮುಚ್ಚಿ ಕನಸು ಕಾಣುವವರನ್ನು ಅಲುಗಿಸಿ ಎಬ್ಬಿಸಬಹುದು. ಕಣ್ಣು ತೆರೆದು ಕಾಣುವವರನ್ನು ಏನು ಮಾಡುವುದು ಹೇಳಿ?

ಅತ್ತಿ, ಅಂದರೆ ಮಾಮನ ಹೆಂಡತಿ, ಊಟಕ್ಕೆ ಬಡಿಸಿ ಕೇಳುತ್ತಿದ್ದರು, “ಪಲ್ಯಕ್ಕ ಉಪ್ಪು ಸಾಕಾಗೇತೇನ್ರಿ?”

ಮಾಮ ಬಹಳ ಯೋಚನೆ ಮಾಡಿ ಹೇಳುತ್ತಿದ್ದರು, “ಇನ್ನೊಂದೀಟು ದಕ್ಷಿಣಕ್ಕ ಸರಿಸಿದ್ರ ಗಾಳಿ ಚೊಲೊ ಬರ್ತೈತಿ.”

ಉಪ್ಪನ್ನಲ್ಲ, ಕಿಟಕಿಯನ್ನು!

ಕನಸುಗಾರರು ಲೆಕ್ಕಾಚಾರದಲ್ಲಿ ದಡ್ಡರು ಅಂತ ನೀವು ಅಂದುಕೊಂಡಿದ್ದರೆ ನಮ್ಮ ಮಾಮನನ್ನು ನೀವು ನೋಡಿಲ್ಲ. ಕೂದಲೆಳೆಯಷ್ಟು ಅಳತೆ ತಪ್ಪಿದರೂ ಅವರಿಗೆ ಮೈ ಉರಿಯುತ್ತಿತ್ತು. ಕಾರ್ಖಾನೆಯಲ್ಲಿ ತಿರುಪು ಅಳೆದ ಕೈ ಮನೆಯಲ್ಲಿ ಸುಮ್ಮನೆ ಇರುತ್ತದೆಯೇ? ಒಮ್ಮೆ ಅತ್ತಿಯ ಜೋಳದ ರೊಟ್ಟಿಯ ದಪ್ಪವನ್ನು ಅಳತೆಯ ಉಪಕರಣ ಹಿಡಿದು ಅಳೆದು, ಈ ಅಂಚಿಗೂ ಆ ಅಂಚಿಗೂ ವ್ಯತ್ಯಾಸ ಇದೆ ಎಂದು ತೋರಿಸಿದರು. ಅತ್ತಿ ಹಿಟ್ಟಿನ ಕೈ ಸೊಂಟದ ಮೇಲಿಟ್ಟುಕೊಂಡು, “ಹಂಗಾದ್ರ ಒಯ್ದು ನಿಮ್ಮ ಲೇತಿನ ಮ್ಯಾಲ ತಿರುವಿ ಸಾಪ ಮಾಡ್ಕೊಂಡು ತಿನ್ರಿ” ಅಂದರು. ಆಮೇಲೆ ಅಳತೆ ರೊಟ್ಟಿಯಿಂದ ಮನೆಯ ಕಡೆಗೆ ಹೋಯಿತು. ಅಂದರೆ ಆ ಇಲ್ಲದ ಮನೆಯ ಕಡೆಗೆ.

ಮನೆ ಇರಲಿಲ್ಲವಾದರೂ ಜಾಗ ಇತ್ತು. ಮಿಯಾಪುರದ ಕಡೆ ಬರೀ ಬಂಡೆಗಲ್ಲು, ಸೀತಾಫಲದ ಪೊದೆ ಇದ್ದ ಕಾಲದಲ್ಲಿ ಮಾಮ ಅಲ್ಲೊಂದು ಪ್ಲಾಟು ಕೊಂಡಿದ್ದರು. ಜೊತೆಯ ಕೆಲಸಗಾರರು, “ಮನಿ ಕಟ್ಟಿದ್ರ ಬಾಡಿಗಿಗೆ ನರಿ ಬರ್ತಾವ ನೋಡ್ರಿ” ಎಂದು ನಕ್ಕಿದ್ದರಂತೆ. ಬಂದದ್ದು ನರಿಗಳಲ್ಲ, ಕಂಪ್ಯೂಟರ್ ಕಂಪನಿಗಳು! ಆಚೆ ಕಡೆ ಗಾಜಿನ ಕಟ್ಟಡಗಳು ಎದ್ದವು, ಈಚೆ ಕಡೆ ಅಗಲವಾದ ರಸ್ತೆ ಬಂತು, ರಸ್ತೆಯ ಹಿಂದೆಯೇ ಅಪಾರ್ಟ್‌ಮೆಂಟುಗಳು ಬಂದವು. ಬಂಡೆಗಳ ನಡುವೆ ಕ್ರೇನುಗಳು ಕೊಕ್ಕರೆಗಳಂತೆ ಒಂಟಿ ಕಾಲಿನಲ್ಲಿ ನಿಂತವು. ಅವುಗಳ ನಡುವೆ ನಮ್ಮ ಮಾಮನ ಪ್ಲಾಟು ಮಾತ್ರ ಹಳೆಯ ಕಾಲದ ಹಾಗೆ, ಮೂಲೆಯಲ್ಲೊಂದು ದೊಡ್ಡ ಬಂಡೆ ಇಟ್ಟುಕೊಂಡು ಸುಮ್ಮನೆ ಮಲಗಿತ್ತು.

ಭಾನುವಾರ ಬಂತೆಂದರೆ ಮಾಮ ಮಡಚುವ ಕುರ್ಚಿ, ಕೊಡೆ, ನೀರಿನ ಬಾಟಲಿ, ಒಂದು ಚೀಲ ಸುಣ್ಣದ ಪುಡಿ ಹಿಡಿದು ಬಸ್ ಹತ್ತುತ್ತಿದ್ದರು. ಸುಣ್ಣದ ಪುಡಿ ಏತಕ್ಕೆ? ಗೋಡೆಗಳಿಗೆ! ವಾರವಿಡೀ ಗಾಳಿಗೆ ಹಾರಿಹೋದ ಗೋಡೆಗಳನ್ನು ಭಾನುವಾರ ಮತ್ತೆ ಎಳೆಯಬೇಕಲ್ಲ. ಒಮ್ಮೆ ನನ್ನನ್ನೂ ಕರೆದುಕೊಂಡು ಹೋದರು.

“ಚಪ್ಪಲಿ ಹೊರಗ ಬಿಡವ್ವಾ.”

“ಮಾಮಾ, ಮುಳ್ಳು ಅದಾವ್ರಿ.”

“ಪಡಸಾಲ್ಯಾಗ ಎಲ್ಲಿ ಮುಳ್ಳು ಬರ್ತಾವ?”

ಬರಿಗಾಲಲ್ಲಿ ಪಡಸಾಲೆ ದಾಟಿದೆ. ಮುಳ್ಳು ಚುಚ್ಚಿತು. ಮಾಮ ಬಗ್ಗಿ ಮುಳ್ಳು ತೆಗೆದು, ಅದನ್ನು ಕಿಟಕಿಯಿಂದ ಹೊರಗೆ ಎಸೆದು, “ಈಗ ಮ್ಯಾಲ ಹೋಗೂಣು” ಅಂದರು. ಮೂಲೆಯ ಬಂಡೆಯೇ ಮಹಡಿ. ಕೈ ಹಿಡಿದು ಹತ್ತಿಸಿದರು. ಮೇಲೆ ಕೂತಾಗ ಸಂಜೆಯ ಬಿಸಿಲು ಇಳಿಯುತ್ತಿತ್ತು. ದೂರದಲ್ಲಿ ಕೆರೆಯ ನೀರು ಒಂದು ತಗಡಿನ ಚೂರಿನಷ್ಟು ಹೊಳೆಯುತ್ತಿತ್ತು. ಅರ್ಧ ಕಟ್ಟಿದ ಅಪಾರ್ಟ್‌ಮೆಂಟುಗಳ ಖಾಲಿ ಕಿಟಕಿಗಳಲ್ಲಿ ಆಕಾಶದ ತುಂಡುಗಳು ನಿಂತಿದ್ದವು. ಸಿಮೆಂಟಿನ ಧೂಳು ಬಂಗಾರದ ಬಣ್ಣಕ್ಕೆ ತಿರುಗಿ ಮೆಲ್ಲಗೆ ಎಲ್ಲೋ ಹೊರಟಿತ್ತು. “ಇದ ಬಾಲ್ಕನಿ. ನಿಮ್ಮ ಅತ್ತಿ ಇಲ್ಲಿ ಕುಂತು ಮೆಂತ್ಯೆ ಸೊಪ್ಪು ಸೋಸ್ತಾಳ” ಅಂದರು ಮಾಮ. ಎಷ್ಟು ಮೆಲ್ಲಗೆ ಹೇಳಿದರೆಂದರೆ, ಯಾರೋ ಒಳಗೆ ಮಲಗಿದ್ದಾರೆ, ಎದ್ದುಬಿಟ್ಟಾರು ಅನ್ನುವ ಹಾಗೆ. ಸುಳ್ಳು ಯಾಕೆ ಹೇಳಲಿ? ನನಗೂ ಒಂದು ಕ್ಷಣ ಕಾಲ ಕೆಳಗೆ ತಣ್ಣನೆಯ ನೆಲ ಹತ್ತಿದಂತಾಯಿತು. ಕೆಳಗಿನ ಕೋಣೆಯಲ್ಲಿ ಯಾರೋ ಪಾತ್ರೆ ಇಟ್ಟ ಸದ್ದು ಕೇಳಿದ ಹಾಗೂ ಆಯಿತು.

ಆ ಸದ್ದು ನಿಜವಾಗಿ ಕಾರಿನ ಬಾಗಿಲಿನದ್ದು. ಬಿಳಿ ಕಾರಿನಿಂದ ಒಬ್ಬ ರಿಯಲ್ ಎಸ್ಟೇಟಿನವನು ಇಳಿದು ಸೀದಾ ಪ್ಲಾಟಿನೊಳಗೆ ನುಗ್ಗಿ, “ಸಾರ್, ಪ್ಲಾಟು ಅಮ್ಮುತಾರಾ?” ಅಂದ. ಮಾರುತ್ತೀರಾ ಅಂತ. ಮಾಮ ಬಂಡೆಯ ಮೇಲಿಂದಲೇ ಗಾಬರಿಯಾಗಿ ಕೈ ಬೀಸಿ ತೆಲುಗಿನಲ್ಲೇ ಕೂಗಿದರು: “ಬಾಬೂ, ಮೊದಲು ಆಚೆ ಬಾ! ನೀನು ನಿಂತಿರುವುದು ನಮ್ಮ ಬಚ್ಚಲ ಮನೆಯಲ್ಲಿ!” ಅವನು ಪಾಪ, ಒಂದು ಕಾಲು ಎತ್ತಿಕೊಂಡು ಸುತ್ತ ನೋಡಿದ.

ಇಂಥ ಮನೆಯನ್ನು ಬ್ಯಾಂಕಿನವರು ಕಳೆದುಹಾಕಿದರು.

ಆದದ್ದು ಇಷ್ಟು. ಹಿಂದೆ ಅತ್ತಿಗೆ ದೊಡ್ಡ ಆಪರೇಷನ್ ಆದಾಗ ಮಾಮ ಆ ಪ್ಲಾಟಿನ ಕ್ರಯಪತ್ರವನ್ನು ಬ್ಯಾಂಕಿನಲ್ಲಿ ಅಡವಿಟ್ಟು ಸಾಲ ತಂದಿದ್ದರು. ನಿವೃತ್ತಿಯ ಹೊತ್ತಿಗೆ ಸಾಲ ತೀರಿತು. ಇನ್ನೇನು ಪಾಯ ತೋಡುವುದೇ ಎಂದು ಪತ್ರ ಬಿಡಿಸಿಕೊಳ್ಳಲು ಹೋದರೆ ಬ್ಯಾಂಕು ಅಲ್ಲಿರಲಿಲ್ಲ! ಹೊಸ ಕಟ್ಟಡಕ್ಕೆ ಹೋಗಿತ್ತು. ಗಾಜಿನ ಬಾಗಿಲು, ತಣ್ಣನೆಯ ಗಾಳಿ, ಪ್ರತಿ ಮೇಜಿನ ಮೇಲೂ ಕಂಪ್ಯೂಟರ್. ಅದರ ಹಿಂದೆ ಕೂತ ಹುಡುಗ ನಾಲ್ಕು ಸಲ ಗುಂಡಿ ಒತ್ತಿ ಹೇಳಿದ, “ಅಂಕಲ್, ಸಿಸ್ಟಮ್ ಮೇ ನಹೀ ದಿಖಾ ರಹಾ.” ಕಂಪ್ಯೂಟರಿನಲ್ಲಿ ಕಾಣಿಸುತ್ತಿಲ್ಲ ಅಂತ.

“ಬೇಟಾ, ಹಮ್ ಸಿಸ್ಟಮ್ ಮೇ ನಹೀ ದಿಯೇ ಥೇ, ಹಾಥ್ ಮೇ ದಿಯೇ ಥೇ” ಅಂದರು ಮಾಮ. ನಾನು ಕಂಪ್ಯೂಟರಿಗೆ ಕೊಟ್ಟದ್ದಲ್ಲ, ಕೈಗೆ ಕೊಟ್ಟದ್ದು ಅಂತ.

ಪತ್ರಗಳ ಕೋಣೆಗೆ ಒಬ್ಬ ಹೆಂಗಸು ಇದ್ದರು. ಗಂಡ ಅದೇ ಬ್ಯಾಂಕಿನಲ್ಲಿದ್ದು ತೀರಿಕೊಂಡ ಮೇಲೆ ಆ ಕೆಲಸ ಇವರಿಗೆ ಸಿಕ್ಕಿತ್ತು. ಮಾಮ ಹೋದಾಗಲೆಲ್ಲ ಆಕೆ ಒಳಗೆ ಹೋಗಿ ಹುಡುಕಿ, ತಲೆಗೂದಲಿಗೆ ಧೂಳು ಮೆತ್ತಿಸಿಕೊಂಡು ಹೊರಗೆ ಬಂದು, “ದೊರಕಲೇದು ಸಾರ್” ಅನ್ನುತ್ತಿದ್ದರು. ಸಿಗಲಿಲ್ಲ ಅಂತ. ಹೀಗೇ ಎಂಟು ತಿಂಗಳು. ಕೊನೆಗೆ ಮ್ಯಾನೇಜರು, “ರಿಜಿಸ್ಟ್ರಾರ್ ಕಚೇರಿಯಿಂದ ನಕಲು ತೆಗೆಸಿಕೊಳ್ಳಿ, ಎಲ್ಲ ಒಂದೇ” ಎಂದು ಬುದ್ಧಿ ಹೇಳಿದರು.

“ನಕಲು ತಂದ್ರ ಮನಿ ಕಟ್ಟಾಕ ನೀವ ಸಾಲ ಕೊಡ್ತೀರೇನು?” ಎಂದು ಮಾಮ ಕೇಳಿದರು. ಹಿಂದಿಯಲ್ಲಿ ಕೇಳಿದ್ದು, ಮನೆಗೆ ಬಂದು ನಮಗೆ ಕನ್ನಡದಲ್ಲಿ ಒಪ್ಪಿಸಿದರು. ಮ್ಯಾನೇಜರು ಉತ್ತರದ ಬದಲು ನೀರು ಕುಡಿದರಂತೆ.

ನಗುವ ಮಾತಲ್ಲ ಇದು. ಆಗ ಮಿಯಾಪುರದ ಕಡೆ ಒಂದೇ ಪ್ಲಾಟನ್ನು ಮೂವರಿಗೆ ಮಾರಿದ ಕಥೆಗಳು ವಾರಕ್ಕೊಂದು ಕೇಳಿಬರುತ್ತಿದ್ದವು. ಅಸಲು ಪತ್ರ ಯಾರ ಕೈಗೆ ಸಿಕ್ಕಿದೆಯೋ, ನಾಳೆ ಯಾರು ಬಂದು ಕಂಬ ನೆಡುತ್ತಾರೋ ಎಂದು ಅತ್ತಿಗೆ ನಿದ್ದೆ ಹತ್ತುತ್ತಿರಲಿಲ್ಲ. ಆದರೂ ಕೋರ್ಟು ಅಂದಾಗ ಆಕೆಯೇ ತಡೆದರು: “ಕೋರ್ಟು ಅಂದ್ರ ಚಪ್ಪಲಿ ಸವೆಯೂದ ಅಷ್ಟ. ಸುಮ್ನ ಕುಂದರ್ರಿ.” ಮಾಮ ಕೂರಲಿಲ್ಲ. ಗ್ರಾಹಕರ ನ್ಯಾಯಾಲಯದಲ್ಲಿ ವಕೀಲರಿಲ್ಲದೆ ತಾನೇ ವಾದ ಮಾಡಬಹುದು ಎಂದು ಯಾರೋ ಹೇಳಿದ್ದರು. ಅಷ್ಟು ಸಾಕಾಯಿತು.

ಅರ್ಜಿ ಬರೆಯುವ ಕೆಲಸ ನನ್ನ ತಲೆಗೆ ಬಂತು. ಮಾಮ ಹೇಳುವುದು, ನಾನು ಇಂಗ್ಲಿಷಿನಲ್ಲಿ ಬರೆಯುವುದು. ಬ್ಯಾಂಕು ಪತ್ರ ಹುಡುಕಿ ಕೊಡಬೇಕು, ಜೊತೆಗೆ ನಷ್ಟಪರಿಹಾರ ಕೊಡಬೇಕು. ಏನು ನಷ್ಟ?

“ಬರಿ: ಒಂದು ಮಳಿಗಾಲ ಪೂರ್ತಿ ನನಗ ಬಾಲ್ಕನ್ಯಾಗ ಕುಂತು ಮಳಿ ನೋಡೂದು ತಪ್ಪೇತಿ.”

“ಮಾಮಾ, ಅದಕ್ಕ ಎಷ್ಟಂತ ಬರೀಲಿ?”

ಮಾಮ ಮೇಲೆ ನೋಡಿದರು. “ಸಣ್ಣ ಮಳಿಗೆ ಒಂದು ರೇಟ ಹಾಕೂಣು. ಗುಡುಗು ಇದ್ದಿದ್ದಕ್ಕ ಬ್ಯಾರೆ.”

ಬಾಲ್ಕನಿಯ ಮಾತು ಹಾಗೇ ಉಳಿಸಿ, ಗುಡುಗಿಗೆ ರೇಟು ಹಾಕುವುದನ್ನು ಬಿಡಿಸಿ, ‘ಮಾನಸಿಕ ವೇದನೆ’ ಎಂದು ಬರೆದು ಒಂದು ಮೊತ್ತ ಹಾಕೋಣ, ಎಲ್ಲರೂ ಹಾಗೇ ಬರೆಯುತ್ತಾರೆ ಅಂದೆ. ಮಾಮನಿಗೆ ಆಶ್ಚರ್ಯ! “ವೇದನಿ ಎಲ್ಲೈತಿ? ನಾ ಆರಾಮ ಅದೀನಲ್ಲ!” ನಿಮಗೆ ವೇದನೆ ಇದೆ ಎಂದು ಅವರನ್ನು ಒಪ್ಪಿಸಲು ನನಗೆ ಒಂದು ಗಂಟೆ ಹಿಡಿಯಿತು. ಮರುದಿನ ಶಾಲೆಯಿಂದ ಬಂದರೆ ಅತ್ತಿ ಮುಖ ಊದಿಸಿಕೊಂಡು ಕೂತಿದ್ದರು. ಮಾಮ ಊಟ ಮಾಡಿರಲಿಲ್ಲ. ಯಾಕೆ ಅಂದರೆ, “ವೇದನ್ಯಾಗ ಅದೀನಿ” ಅಂದರಂತೆ.

ನ್ಯಾಯಾಲಯ ಅಂದರೆ ಒಂದು ಹಳೆಯ ಕಟ್ಟಡದ ಉದ್ದನೆಯ ಕೋಣೆ. ಹೊರಗೆ ಹುಣಸೆಮರ. ಹೋದಾಗಲೆಲ್ಲ ತಾರೀಖು ಮುಂದಕ್ಕೆ. ಬೇರೆಯವರು ಶಪಿಸಿಕೊಂಡು ಹೋಗುತ್ತಿದ್ದರು. ಮಾಮ ಮಾತ್ರ ಹುಣಸೆಮರದ ಕೆಳಗೆ ಕೂತು ಡಬ್ಬಿ ಬಿಚ್ಚಿ, ಎಲೆಗಳ ನಡುವಿಂದ ಬೀಳುವ ಬಿಸಿಲಿನ ಚುಕ್ಕಿಗಳನ್ನು ನೋಡುತ್ತ ಒಂದೊಂದೇ ತುತ್ತು ತಿನ್ನುತ್ತಿದ್ದರು. ಕೆಲವು ಸಲ ರಜೆ ಹಾಕಿ ನಾನೂ ಹೋಗುತ್ತಿದ್ದೆ. ಅಲ್ಲಿನ ಗಡಿಯಾರಗಳೂ ಕನಸು ಕಾಣುತ್ತವೇನೋ ಅನ್ನಿಸುತ್ತಿತ್ತು.

ಬ್ಯಾಂಕಿನ ವಕೀಲರು ಮಾಮನಿಗೆ ಪ್ರಶ್ನೆ ಹಾಕಿದ ದಿನ ಮಾತ್ರ ಎಲ್ಲರೂ ಎಚ್ಚರವಾಗಿದ್ದರು. ಮಾತು ನಡೆದದ್ದು ಹಿಂದಿ, ಇಂಗ್ಲಿಷು ಕಲಸಿಕೊಂಡು. ನಿಮಗೆ ಕನ್ನಡದಲ್ಲೇ ಹೇಳುತ್ತೇನೆ.

“ನಿಮ್ಮ ಅರ್ಜಿಯಲ್ಲಿ ಮನೆ, ಬಾಲ್ಕನಿ ಅಂತೆಲ್ಲ ಇದೆ. ಆ ಜಾಗದಲ್ಲಿ ಮನೆ ಇದೆಯೋ?”

“ಐತ್ರಿ.”

“ಎಷ್ಟು ಕೋಣೆ?”

“ಕೆಳಗ ನಾಲ್ಕು, ಮ್ಯಾಲ ಎರಡು.”

ವಕೀಲರು ಗೆದ್ದವರಂತೆ ಒಂದು ಫೋಟೋ ಎತ್ತಿ ಹಿಡಿದರು. “ಇದು ಹೋದ ವಾರ ತೆಗೆದದ್ದು. ಇದರಲ್ಲಿ ಬರೀ ಕಲ್ಲು ಕಾಣುತ್ತಿದೆಯಲ್ಲ!”

ಮಾಮ ಕನ್ನಡಕ ಹಾಕಿಕೊಂಡು ಫೋಟೋವನ್ನು ಹತ್ತಿರ ತಂದು, ದೂರ ಹಿಡಿದು, ಚೆನ್ನಾಗಿ ನೋಡಿದರು. “ಹೌದ್ರಿ. ನಿಮ್ಮ ಫೋಟೋ ತಗಿಯಾಂವ ಅಡಿಗಿ ಮನ್ಯಾಗ ನಿಂತು ತಗದಾನ. ಅಲ್ಲಿಂದ ಮಹಡಿ ಕಾಣೂದಿಲ್ಲ.”

ತೀರ್ಪು ಕೊಡುವ ಅಧ್ಯಕ್ಷರು ವಯಸ್ಸಾದವರು, ಗಂಭೀರ ಮನುಷ್ಯ. ಆವತ್ತು ಫೈಲನ್ನು ಮುಖಕ್ಕೆ ಅಡ್ಡ ಹಿಡಿದುಕೊಂಡರು. ಫೈಲು ಅಲುಗಾಡುತ್ತಿತ್ತು.

ಆ ನಗು ಮುಂದಿನ ತಾರೀಖಿನವರೆಗೂ ಉಳಿಯಲಿಲ್ಲ. ಬ್ಯಾಂಕು ಒಂದು ಪ್ರಮಾಣಪತ್ರ ಹಾಕಿತು: ಸಾಲ ತೀರಿದ ದಿನವೇ ಕ್ರಯಪತ್ರವನ್ನು ಅರ್ಜಿದಾರರಿಗೆ ವಾಪಸು ಕೊಟ್ಟಿದ್ದೇವೆ, ಅವರೇ ಕಳೆದುಕೊಂಡು, ಹಣದ ಆಸೆಗೆ ಸುಳ್ಳು ಹೇಳುತ್ತಿದ್ದಾರೆ. ಕೆಳಗೆ ಪತ್ರಗಳ ಕೋಣೆಯ ಆ ಹೆಂಗಸಿನ ಸಹಿ.

ಮಾಮ ಅದನ್ನು ಬಸ್ಸಿನಲ್ಲಿ ಓದಿದರು. ಮನೆಗೆ ಬಂದು ಇನ್ನೊಮ್ಮೆ ಓದಿದರು. ಆ ಭಾನುವಾರ ಮಿಯಾಪುರಕ್ಕೆ ಹೋಗಲಿಲ್ಲ. ಮುಂದಿನ ಭಾನುವಾರವೂ ಹೋಗಲಿಲ್ಲ. “ಮೂವತ್ತು ವರ್ಷದಾಗ ಕಾರ್ಖಾನಿಯಿಂದ ಒಂದು ಸ್ಕ್ರೂ ಮನಿಗೆ ತಂದಾಂವಲ್ಲ ನಾ. ಸುಳ್ಳ ಅಂತಾರಲ್ಲವ್ವಾ ನನಗ” ಅಂದರು ಒಮ್ಮೆ, ನನ್ನ ಕಡೆ ನೋಡದೆ. ಈಗ ನಿಜವಾಗಿಯೂ ವೇದನೆ ಶುರುವಾಗಿತ್ತು. ಆದರೆ ಅದನ್ನು ಯಾವ ಕಾಗದದಲ್ಲಿ ಬರೆಯುವುದು?

ಆಮೇಲೆ ಅವರಿಗೆ ಪರಿಹಾರ ಬೇಕಾಗಿರಲಿಲ್ಲ. ತುಂಬಿದ ನ್ಯಾಯಾಲಯದಲ್ಲಿ ಬ್ಯಾಂಕಿನವರು ಎದ್ದು ನಿಂತು ‘ಈ ಮನುಷ್ಯ ಸುಳ್ಳು ಹೇಳಿಲ್ಲ’ ಅನ್ನಬೇಕು, ಅಷ್ಟೆ. ಕೊನೆಯ ವಾದಕ್ಕೆಂದು ಹದಿನಾಲ್ಕು ಪುಟ ಬರೆದರು. ದಿನಾ ಬೆಳಿಗ್ಗೆ ಕಪಾಟಿನ ಕನ್ನಡಿಯ ಮುಂದೆ ನಿಂತು ಓದುವರು. ಅತ್ತಿ ಸೀರೆ ತೆಗೆಯಬೇಕಾದರೆ, “ಮಹಾಸ್ವಾಮಿ, ಒಂಚೂರು ಸರೀರಿ” ಅನ್ನಬೇಕಾಗುತ್ತಿತ್ತು.

ವಾದ ಸೋಮವಾರಕ್ಕೆ ಇತ್ತು. ಹಿಂದಿನ ದಿನ, ಭಾನುವಾರ ಮಧ್ಯಾಹ್ನ, ನಾವು ಊಟಕ್ಕೆ ಕೂರುವ ಹೊತ್ತಿಗೆ ಬಾಗಿಲಲ್ಲಿ ಆ ಹೆಂಗಸು ನಿಂತಿದ್ದರು. ಎದೆಗವಚಿಕೊಂಡ ಊಟದ ಚೀಲದಿಂದ ಒಂದು ಕಾಗದದ ಕಟ್ಟು ತೆಗೆದು ಮಾಮನ ಕೈಗೆ ಕೊಟ್ಟರು. ಕ್ರಯಪತ್ರ!

ತೆಲುಗಿನಲ್ಲಿ, ತಡವರಿಸುತ್ತ ಹೇಳಿದರು. ಶುಕ್ರವಾರ ಮಾಮನದ್ದೇ ಹೆಸರಿನ ಇನ್ನೊಬ್ಬ ಗಿರಾಕಿಯ ಫೈಲಿನಲ್ಲಿ ಅದು ಸಿಕ್ಕಿತಂತೆ. ಬ್ಯಾಂಕು ಸ್ಥಳ ಬದಲಿಸಿದಾಗ ಸೇರಿಹೋಗಿತ್ತು. ಮ್ಯಾನೇಜರು ಸಹಿ ಹಾಕು ಅಂದಾಗ ಸುಳ್ಳೆಂದು ಗೊತ್ತಿದ್ದೂ ಹಾಕಿದ್ದೆ, ಹಾಕದಿದ್ದರೆ ಪತ್ರ ಕಳೆದ ತಪ್ಪು ನಿನ್ನ ತಲೆಗೇ ಅಂದಿದ್ದರು ಅಂದರು. ಮನೆಯಲ್ಲಿ ಓದುವ ಮಗಳು, ಹಾಸಿಗೆ ಹಿಡಿದ ಅತ್ತೆ. ಬರುವುದು ಇದೊಂದೇ ಸಂಬಳ. “ಇದು ನಿಮ್ಮದು ಸಾರ್. ಏನು ಮಾಡ್ತೀರೋ ಮಾಡಿ. ಸಿಕ್ಕಾಗಿಂದ ನನಗೆ ಅನ್ನ ಇಳೀತಿಲ್ಲ.”

ಅತ್ತಿ ಒಳಗೆ ಹೋಗಿ ಇನ್ನೊಂದು ತಾಟು ತಂದು ಇಟ್ಟರು. ರೊಟ್ಟಿ, ಬದನೆಕಾಯಿ ಪಲ್ಯ. “ಮೊದಲ ಉಣ್ಣವಾ ನೀನು. ಕಾಗದ ಎಲ್ಲೂ ಓಡಿ ಹೋಗೂದಿಲ್ಲ.”

ನನಗೆ ಕುಣಿಯುವಷ್ಟು ಖುಷಿ. ಮಾಮನನ್ನು ಒಳಗೆ ಕರೆದು, “ನಾಳೆ ಇದನ್ನ ಅಧ್ಯಕ್ಷರ ಮುಂದ ಇಟ್ಟುಬಿಡ್ರಿ. ಬ್ಯಾಂಕಿನವರ ಸುಳ್ಳು ಬಯಲಾತು! ಗೆದ್ದಿವಿ ಮಾಮಾ!” ಅಂದೆ. ಮಾಮ ಪತ್ರದ ಮೇಲಿನ ಧೂಳನ್ನು ಪಂಚೆಯ ತುದಿಯಿಂದ ಒರೆಸುತ್ತಿದ್ದರು. ಬಾಗಿಲಿನಿಂದ ಆ ಹೆಂಗಸು ಊಟ ಮಾಡುವುದನ್ನು ಸುಮ್ಮನೆ ನೋಡಿದರು. ಆಮೇಲೆ ಹೊರಗೆ ಬಂದು ತಮ್ಮ ಒಡಕು ತೆಲುಗಿನಲ್ಲಿ ಒಂದೇ ಒಂದು ಪ್ರಶ್ನೆ ಕೇಳಿದರು: “ನೀವು ಕೆಲಸ ಮಾಡುವ ಆ ಕೋಣೆಗೆ ಕಿಟಕಿ ಇದೆಯೇನಮ್ಮಾ?”

“ಇಲ್ಲ ಸಾರ್.”

ಮಾಮ ತಲೆಯಾಡಿಸಿದರು. ಅಷ್ಟೆ.

ಸೋಮವಾರ ಹದಿನಾಲ್ಕು ಪುಟ ಕಪಾಟಿನಲ್ಲೇ ಉಳಿದವು. ನ್ಯಾಯಾಲಯದಲ್ಲಿ ಹೆಸರು ಕೂಗಿದಾಗ ಮಾಮ ಎದ್ದು ಕೈ ಮುಗಿದು, “ಸ್ವಾಮಿ, ನನ್ನ ಪತ್ರ ಸಿಕ್ಕೇತ್ರಿ. ನಿನ್ನೆ ಮಧ್ಯಾಹ್ನ. ನಮ್ಮ ಮನ್ಯಾಗ” ಅಂದರು.

ಇಡೀ ಕೋಣೆ ನಕ್ಕಿತು. ವಕೀಲರು ಕೋಟು ಸರಿಮಾಡಿಕೊಂಡು, “ಯಾವ ಕೋಣೆಯಲ್ಲಿ ಸಿಕ್ಕಿತಂತೆ ಕೇಳಿ ಸ್ವಾಮಿ, ಕೆಳಗಿನದರಲ್ಲೋ ಮಹಡಿಯಲ್ಲೋ!” ಅಂದರು. ಮತ್ತೆ ನಗು. ಹಿಂದಿನ ಬೆಂಚಿನಿಂದ ಯಾರೋ “ಪಾಗಲ್ ಬುಡ್ಢಾ”, ಹುಚ್ಚು ಮುದುಕ, ಅಂದದ್ದೂ ಕೇಳಿಸಿತು. ಬ್ಯಾಂಕಿನ ಕಾಲ ಹಾಳು ಮಾಡಿದ್ದಕ್ಕೆ ಇವರಿಂದಲೇ ದಂಡ ಕೊಡಿಸಬೇಕೆಂದು ವಕೀಲರು ಕೇಳಿದರು.

ಅಧ್ಯಕ್ಷರು ನಗಲಿಲ್ಲ. ಪತ್ರ ತರಿಸಿಕೊಂಡು ತಿರುವಿದರು. ಅಂಚಿನಲ್ಲಿ ಫೈಲಿನ ದಾರದ ತೂತುಗಳು, ತುಕ್ಕಿನ ಕಲೆ. ಮಾಮನ ಮುಖವನ್ನು ಬಹಳ ಹೊತ್ತು ನೋಡಿದರು.

“ಹೀಗೇ ಬರೆದುಕೊಳ್ಳಲೇ? ಮನೆಯಲ್ಲಿ ಸಿಕ್ಕಿತು ಅಂತ?”

“ಹೌದ್ರಿ. ಹಂಗ ಬರಕೊಳ್ರಿ.”

ಬರೆದುಕೊಂಡರು. ದಂಡವಿಲ್ಲ, ಪರಿಹಾರವಿಲ್ಲ, ಅವರವರ ಖರ್ಚು ಅವರವರಿಗೆ. ಪ್ರಕರಣ ಮುಗಿಯಿತು.

ಮರುವರ್ಷ ಬೇರೆ ಬ್ಯಾಂಕಿನ ಸಾಲದಲ್ಲಿ ಮಿಯಾಪುರದಲ್ಲಿ ಮನೆಯೂ ಎದ್ದಿತು. ಎರಡೇ ಕೋಣೆಯದು, ಮಹಡಿಗೆ ದುಡ್ಡು ಸಾಲಲಿಲ್ಲ. ಆ ಹೆಂಗಸು ಗೃಹಪ್ರವೇಶಕ್ಕೆ ಮಗಳ ಜೊತೆ ಬಂದು ಅತ್ತಿಯ ಪಕ್ಕದಲ್ಲಿ ಕೂತು ಹೋಳಿಗೆ ಬೇಯಿಸಿದರು. ಆದರೆ ನನಗೆ ನೆನಪಿಗೆ ಬರುವುದು ಗೃಹಪ್ರವೇಶವಲ್ಲ, ಆ ಸೋಮವಾರ ಬಸ್ಸಿನಲ್ಲಿ ವಾಪಸು ಬಂದದ್ದು.

ನನಗೆ ಸಿಟ್ಟು ಇಳಿದಿರಲಿಲ್ಲ. ಮಾಮ ಕಿಟಕಿಯ ಹತ್ತಿರ ಕೂತಿದ್ದರು. ಹೊರಗೆ ಗಾಜಿನ ಅಂಗಡಿಗಳು, ಕಂಪ್ಯೂಟರ್ ಕಲಿಸುವ ಬೋರ್ಡುಗಳು, ಕುತ್ತಿಗೆಗೆ ಗುರುತಿನ ಚೀಟಿ ಹಾಕಿಕೊಂಡ ಹುಡುಗ ಹುಡುಗಿಯರು ಬಿಸಿಲಿನಲ್ಲಿ ತೇಲಿದ ಹಾಗೆ ಹಿಂದೆ ಹೋಗುತ್ತಿದ್ದರು. ಮಾಮ ಅದನ್ನೆಲ್ಲ ನೋಡುತ್ತಿದ್ದಾರೆ, ಮತ್ತೆ ಕನಸಿಗೆ ಹೋದರು ಅಂದುಕೊಂಡೆ. ಆಗ ಅವರು ಮುಖ ತಿರುಗಿಸದೆ ಕೇಳಿದರು:

“ಮಂದಿ ಭಾಳ ನಕ್ಕರೇನವ್ವಾ?”

ಅವರ ಮೊಣಕಾಲಿನ ಮೇಲಿದ್ದ ಕೈ ನೋಡಿದೆ. ಕೂದಲೆಳೆಯ ಅಳತೆ ತಪ್ಪದ ಕೈ ಅದು. ಬಸ್ ಟಿಕೆಟನ್ನು ಮಡಚುತ್ತಿತ್ತು, ಅಂಚಿಗೆ ಅಂಚು ಕೂಡುತ್ತಿರಲಿಲ್ಲ.

“ಇಲ್ರಿ ಮಾಮಾ. ಯಾರೂ ನಗಲಿಲ್ಲ.”

ಮಾಮ ತಿರುಗಿ ನನ್ನನ್ನು ನೋಡಿದರು. ಕಣ್ಣು ಒದ್ದೆಯಾಗಿತ್ತು, ತುಟಿಯ ತುದಿಯಲ್ಲಿ ಸಣ್ಣ ನಗು ಇತ್ತು.

“ನಿನಗ ಸುಳ್ಳ ಹೇಳಾಕ ಬರೂದಿಲ್ಲ ಹುಡುಗಿ” ಅಂದರು. ನನ್ನ ಕೈಯನ್ನು ತಮ್ಮ ಕೈಯಲ್ಲಿ ತೆಗೆದುಕೊಂಡು, “ಆದ್ರೂ ಇನ್ನೊಂದ ಸಲ ಹೇಳು” ಅಂದರು.